ಊರ ಪತ್ರಿಕೆ ನಡೆಸಿ ರಾಜಕೀಯಕ್ಕೆ ಹೋದವರ ಬದುಕನ್ನು ಬರೆಯುವುದು ಹೇಗೆ

ತಾಲ್ಲೂಕು ಪತ್ರಿಕೆಯ ಕೊನೆಯ ಪುಟದ ತೀರ ಕೆಳಗೆ, ಸಾಮಾನ್ಯವಾಗಿ ಯಾರೂ ಓದದ ಸಣ್ಣ ಅಕ್ಷರದಲ್ಲಿ ಒಂದು ಸಾಲು ಇರುತ್ತದೆ. ಮುದ್ರಕರು ಯಾರು, ಪ್ರಕಾಶಕರು ಯಾರು, ಸಂಪಾದಕರು ಯಾರು, ಯಾವ ಪ್ರೆಸ್ಸಿನಲ್ಲಿ ಅಚ್ಚಾಯಿತು, ಎಲ್ಲಿಂದ ಪ್ರಕಟವಾಯಿತು ಎಂಬ ಸಾಲು ಅದು. ಊರಿನಲ್ಲಿ ಪತ್ರಿಕೆ ನಡೆಸಿ ಮುಂದೆ ಪುರಸಭೆ ಅಧ್ಯಕ್ಷರೋ, ಜಿಲ್ಲಾ ಪಂಚಾಯಿತಿ ಸದಸ್ಯರೋ, ಶಾಸಕರೋ ಆದವರ ಬದುಕನ್ನು ಬರೆಯಲು ಹೊರಟವರು ಮೊದಲು ಕಣ್ಣು ಹಾಯಿಸಬೇಕಾದ್ದು ಆ ಸಾಲಿಗೆ. ಹೆಚ್ಚಿನವರು ಅಭಿನಂದನಾ ಗ್ರಂಥದಿಂದ ಶುರುಮಾಡುತ್ತಾರೆ, ಅಲ್ಲೇ ಎಡವುತ್ತಾರೆ. ಅಭಿನಂದನಾ ಗ್ರಂಥದಲ್ಲಿ ಪತ್ರಿಕೆ ಎಂದೂ ನಿಂತಿರುವುದಿಲ್ಲ, ಸಾಲ ಎಂದೂ ಆಗಿರುವುದಿಲ್ಲ, ಚುನಾವಣೆಯಲ್ಲಿ ಸೋತದ್ದು ಒಂದು ವಾಕ್ಯದಲ್ಲಿ ಮುಗಿದಿರುತ್ತದೆ.

ತುಮಕೂರು, ಕೋಲಾರ, ಚಿಕ್ಕಬಳ್ಳಾಪುರ ಸೀಮೆಗೆ ಇಂಥ ಬದುಕು ಹೊಸದಲ್ಲ. 1887ರಲ್ಲಿ ಮುಳಬಾಗಿಲಿನಲ್ಲಿ ಹುಟ್ಟಿದ ಡಿ.ವಿ.ಗುಂಡಪ್ಪನವರು ಪತ್ರಿಕೆ ನಡೆಸಿದವರು, ಮೈಸೂರಿನ ನ್ಯಾಯವಿಧಾಯಕ ಸಭೆಯಲ್ಲಿ ಕೂತವರು. ಅವರ ಬಗ್ಗೆ ಬರೆಯುವವರಿಗೆ ಸಾಮಗ್ರಿಗೆ ಬರವಿಲ್ಲ. ಬರ ಇರುವುದು ಕಾಲಿನಿಂದ ತುಳಿದು ನಡೆಸುವ ಒಂದು ಟ್ರೆಡಲ್ ಅಚ್ಚಿನ ಯಂತ್ರ, ಅಚ್ಚಿನ ಮೊಳೆ ಜೋಡಿಸುವ ಇಬ್ಬರು ಕಂಪೋಸಿಟರ್, ಐನೂರು ಪ್ರತಿ ಇಟ್ಟುಕೊಂಡು ಮೂವತ್ತು ವರ್ಷ ಪತ್ರಿಕೆ ತಂದ ಚಿಂತಾಮಣಿಯವರಿಗೆ, ಶಿರಾದವರಿಗೆ, ಮಾಲೂರಿನವರಿಗೆ. ಅವರ ಕಾಗದ ಮನೆಯ ಅಟ್ಟದ ಮೇಲೆ ಗೆದ್ದಲಿಗೆ ಹೋಗುತ್ತಿದೆ. ಕೆಲಸ ಬೇಗ ಆಗಬೇಕು.

ಇಂಥವರ ಬದುಕಿನ ಗಂಟು ಒಂದೇ ಕಡೆ ಇರುತ್ತದೆ. ಅಧಿಕಾರ ಹಿಡಿಯುವ ಮೊದಲು ಅವರ ಪತ್ರಿಕೆ ಏನನ್ನು ಕೂಗಿ ಹೇಳುತ್ತಿತ್ತು, ಹಿಡಿದ ಮೇಲೆ ಯಾವುದರ ಬಗ್ಗೆ ಮೌನವಾಯಿತು? ಇದನ್ನು ಊಹೆಯಿಂದ ಹೇಳಕೂಡದು, ಅಳೆದು ಹೇಳಬೇಕು. ಕೆಳಗಿನ ಕೆಲಸವೆಲ್ಲ ಆ ಅಳತೆಗಾಗಿ.

ಸಣ್ಣ ಅಕ್ಷರದ ಸಾಲು ಮತ್ತು ಫಾರಂ ನಾಲ್ಕು

1867ರ ಪ್ರೆಸ್ ಮತ್ತು ಪುಸ್ತಕಗಳ ನೋಂದಣಿ ಕಾಯ್ದೆಯ ಪ್ರಕಾರ ಮುದ್ರಕ, ಪ್ರಕಾಶಕರು ಮ್ಯಾಜಿಸ್ಟ್ರೇಟರ ಮುಂದೆ ಘೋಷಣೆ ಸಲ್ಲಿಸಬೇಕಿತ್ತು. ಊರಿನವರ ಮಾತಿನಲ್ಲಿ ಅದು ‘ಡಿಕ್ಲರೇಷನ್’. ಪತ್ರಿಕೆ 12 ತಿಂಗಳಿಗಿಂತ ಹೆಚ್ಚು ಕಾಲ ನಿಂತರೆ ಆ ಘೋಷಣೆ ಬಿದ್ದುಹೋಗುತ್ತಿತ್ತು, ಮತ್ತೆ ಹೊಸದು ಸಲ್ಲಿಸಬೇಕಿತ್ತು. ಆದ್ದರಿಂದ ಒಂದೇ ಪತ್ರಿಕೆಗೆ ಎರಡು ಮೂರು ಡಿಕ್ಲರೇಷನ್ ಸಿಕ್ಕಿದರೆ ಗೊಂದಲಪಡಬೇಡಿ, ಖುಷಿಪಡಿ. ಮಧ್ಯೆ ಮಾಲೀಕರು ಬದಲಾದರು, ಪ್ರೆಸ್ಸು ಬದಲಾಯಿತು, ಇಲ್ಲವೇ ಪತ್ರಿಕೆ ವರ್ಷ ದಾಟಿ ನಿಂತಿತ್ತು ಎಂದು ಅರ್ಥ. ಈ ಮೂರೂ ಬದುಕಿನ ತಿರುವುಗಳೇ.

ಡಿಕ್ಲರೇಷನ್ ಹುಡುಕುವಾಗ ಇಂದಿನ ನಕ್ಷೆ ನೋಡಿ ಹೊರಟರೆ ಓಡಾಟ ದಂಡ. ಚಿಕ್ಕಬಳ್ಳಾಪುರ ಜಿಲ್ಲೆ ಆದದ್ದು 2007ರಲ್ಲಿ. ಅದಕ್ಕೂ ಹಿಂದಿನ ಶಿಡ್ಲಘಟ್ಟದ, ಗೌರಿಬಿದನೂರಿನ, ಬಾಗೇಪಲ್ಲಿಯ ಪತ್ರಿಕೆಯ ಕಡತವನ್ನು ಮೊದಲು ಕೋಲಾರದ ಜಿಲ್ಲಾಧಿಕಾರಿ ಕಚೇರಿಯ ರೆಕಾರ್ಡ್ ರೂಮಿನಲ್ಲಿ ಕೇಳಿ. ತುಮಕೂರು ಜಿಲ್ಲೆಯಲ್ಲಿ ತುಮಕೂರು, ತಿಪಟೂರು, ಮಧುಗಿರಿ ಎಂದು ಮೂರು ಉಪವಿಭಾಗಗಳಿವೆ. ಡಿಕ್ಲರೇಷನ್ನನ್ನು ಉಪವಿಭಾಗಾಧಿಕಾರಿಗಳ ಮುಂದೆಯೂ ಸಲ್ಲಿಸಬಹುದಿತ್ತಾದ್ದರಿಂದ ಪಾವಗಡ, ಶಿರಾ, ಕೊರಟಗೆರೆಯ ಪತ್ರಿಕೆಗಳಿಗೆ ಮಧುಗಿರಿಯನ್ನೂ ಬಿಡದೆ ನೋಡಿ. 1947ಕ್ಕೂ ಮುಂಚಿನ ಪತ್ರಿಕೆಯಾದರೆ ಸಂಸ್ಥಾನದ ಕಾನೂನೇ ಬೇರೆ. 1908ರ ಮೈಸೂರು ಪತ್ರಿಕಾ ಕಾನೂನಿನಡಿ ಸರ್ಕಾರದ ಅನುಮತಿ ಬೇಕಿತ್ತು. ಆ ಕಾಗದವನ್ನು ಬೆಂಗಳೂರಿನ ರಾಜ್ಯ ಪತ್ರಾಗಾರದಲ್ಲಿ ಹುಡುಕಬೇಕು. 2024ರ ಮಾರ್ಚ್ 1ರಿಂದ ಹಳೆಯ ಕಾಯ್ದೆ ಹೋಗಿ ಹೊಸದು ಬಂದಿದೆ, ನೋಂದಣಿ ಆನ್‌ಲೈನ್ ಆಗಿದೆ. ನೀವು ಬರೆಯುವ ತಲೆಮಾರಿಗೆ ಅದು ಲಾಗೂ ಆಗುವುದಿಲ್ಲ.

ಇದಕ್ಕಿಂತ ಬೆಲೆಯುಳ್ಳದ್ದು ಫಾರಂ ನಾಲ್ಕು. 1956ರ ನಿಯಮಗಳಂತೆ ಪ್ರತಿ ವರ್ಷ ಫೆಬ್ರವರಿ ಮುಗಿದ ಮೇಲೆ ಬರುವ ಮೊದಲ ಸಂಚಿಕೆಯಲ್ಲಿ ಪತ್ರಿಕೆ ತನ್ನ ಮಾಲೀಕತ್ವದ ವಿವರ ಅಚ್ಚುಹಾಕಬೇಕಿತ್ತು: ಮುದ್ರಕ, ಪ್ರಕಾಶಕ, ಸಂಪಾದಕರ ಹೆಸರು ವಿಳಾಸ, ಮಾಲೀಕರು ಯಾರು, ಬಂಡವಾಳದಲ್ಲಿ ನೂರಕ್ಕೆ ಒಂದಕ್ಕಿಂತ ಹೆಚ್ಚು ಪಾಲು ಯಾರದು. ಕಟ್ಟು ಹಾಕಿದ ಸಂಪುಟ ಕೈಗೆ ಸಿಕ್ಕಿತೆಂದರೆ ಮೊದಲು ಪ್ರತಿ ವರ್ಷದ ಮಾರ್ಚ್ ಮೊದಲ ವಾರ ತೆಗೆದು ಫಾರಂ ನಾಲ್ಕನ್ನು ಫೋಟೊ ಹಿಡಿದುಕೊಳ್ಳಿ. ವರ್ಷಾನುವರ್ಷ ಸಾಲಾಗಿ ಇಟ್ಟು ನೋಡಿದರೆ ಮಾಲೀಕರ ಹೆಸರು ಯಾವ ವರ್ಷ ಹೆಂಡತಿಯ ಹೆಸರಿಗೆ, ತಮ್ಮನ ಹೆಸರಿಗೆ, ಮಗನ ಹೆಸರಿಗೆ ತಿರುಗಿತು ಎಂಬುದು ಗೊತ್ತಾಗುತ್ತದೆ. ಬಹಳ ಸಲ ಅದು ನಾಮಪತ್ರ ಸಲ್ಲಿಸಿದ ವರ್ಷದ ಆಚೀಚೆಯೇ ಇರುತ್ತದೆ. ‘ರಾಜಕೀಯಕ್ಕೆ ಬಂದ ದಿನವೇ ಪತ್ರಿಕೆ ಬಿಟ್ಟೆ’ ಎಂಬ ಮಾತು ನಿಜವೋ ಅಲ್ಲವೋ ಎಂದು ತೂಗಲು ಇದಕ್ಕಿಂತ ನಂಬಿಕಸ್ತ ತಕ್ಕಡಿ ಇಲ್ಲ. ಹೆಂಡತಿಯ ಹೆಸರು ಕಂಡಾಗ ಬರಿಯ ಹೆಸರಿಗೆ ಎಂದುಕೊಂಡು ಮುಂದೆ ಹೋಗಬೇಡಿ. ಸಣ್ಣ ಪತ್ರಿಕೆಗಳಲ್ಲಿ ಪ್ರತಿ ಮಡಚಿದವರು, ಮೈದಾ ಅಂಟು ಕಾಸಿ ವಿಳಾಸದ ಚೀಟಿ ಹಚ್ಚಿದವರು, ಚಂದಾ ಲೆಕ್ಕ ಬರೆದವರು ಮನೆಯ ಹೆಂಗಸರೇ. ಪುಸ್ತಕದಲ್ಲಿ ಅವರಿಗೆ ಒಂದು ಅಧ್ಯಾಯ ಸಲ್ಲಬೇಕು.

ತಲೆಬರಹದ ಕೆಳಗಿನ ‘ಸಂಪುಟ – ಸಂಚಿಕೆ’ ಅಂಕಿಗಳನ್ನೂ ಬರೆದುಕೊಳ್ಳಿ. ವಾರಪತ್ರಿಕೆಗೆ ವರ್ಷಕ್ಕೆ 52 ಸಂಚಿಕೆ. 1964ರಲ್ಲಿ ಶುರುವಾದದ್ದು 1973ರಲ್ಲಿ ಸಂಪುಟ 10ರಲ್ಲಿರಬೇಕು. ಆರರಲ್ಲಿದ್ದರೆ ನಾಲ್ಕು ವರ್ಷ ಎಲ್ಲೋ ಕಳೆದುಹೋಗಿದೆ, ಆ ನಾಲ್ಕು ವರ್ಷ ಆ ಮನುಷ್ಯ ಏನು ಮಾಡುತ್ತಿದ್ದ ಎಂಬ ಪ್ರಶ್ನೆ ಹುಟ್ಟಿಕೊಳ್ಳುತ್ತದೆ.

ಹಳೆಯ ಸಂಚಿಕೆಗಳನ್ನು ಹುಡುಕಿ, ಕೆಡಿಸದೆ ಓದುವುದು

ಮನೆ, ಪ್ರೆಸ್ಸಿನ ಹಿಂದಿನ ಕೋಣೆ, ಜಿಲ್ಲಾ ಕೇಂದ್ರ ಗ್ರಂಥಾಲಯ, ವಾರ್ತಾ ಇಲಾಖೆಯ ಜಿಲ್ಲಾ ಕಚೇರಿ, ಬೆಂಗಳೂರಿನ ಕಬ್ಬನ್ ಪಾರ್ಕಿನ ರಾಜ್ಯ ಕೇಂದ್ರ ಗ್ರಂಥಾಲಯ. ಹುಡುಕುವ ಕ್ರಮ ಹೀಗೆ. ಜನ ಮರೆಯುವ ಜಾಗ ನ್ಯಾಯಾಲಯ. ಸಮನ್ಸ್ ಜಾರಿಯಾಗದ ದಾವೆಗಳಲ್ಲಿ ಪತ್ರಿಕಾ ಪ್ರಕಟಣೆ ಕೊಟ್ಟ ಮೇಲೆ ಆ ಸಂಚಿಕೆಯನ್ನು ಕಡತಕ್ಕೆ ಸೇರಿಸುತ್ತಾರೆ. ಊರಿನ ಹಳೆಯ ವಕೀಲರ ಕಚೇರಿಯ ಕಟ್ಟುಗಳಲ್ಲಿ ಬೇರೆಲ್ಲೂ ಉಳಿಯದ ಸಂಚಿಕೆ ಸಿಗಬಹುದು.

ನ್ಯೂಸ್‌ಪ್ರಿಂಟ್ ಬಾಳಿಕೆಗೆಂದು ಮಾಡಿದ ಕಾಗದವಲ್ಲ. ಅದರಲ್ಲಿರುವ ಮರದ ತಿರುಳು ಬೆಳಕು, ಗಾಳಿಗೆ ಹಳದಿಯಾಗಿ, ಮಡಿಕೆಯಲ್ಲಿ ಹಪ್ಪಳದಂತೆ ಮುರಿಯುತ್ತದೆ. ಆದ್ದರಿಂದ ಪುಟ ತಿರುಗಿಸುವಾಗ ಬೆರಳಿಗೆ ಎಂಜಲು ಬೇಡ, ಮೇಲಿನ ಮೂಲೆ ಹಿಡಿದು ಎತ್ತಬೇಡಿ. ಪುಟದ ಕೆಳಗೆ ಒಂದು ದಪ್ಪ ಹಾಳೆ ತೂರಿಸಿ ಅದರ ಮೇಲೆ ಹೊರಳಿಸಿ. ಹರಿದಲ್ಲಿ ಸೆಲ್ಲೋ ಟೇಪು ಹಚ್ಚಲೇಬೇಡಿ. ಕೆಲವೇ ವರ್ಷದಲ್ಲಿ ಅದರ ಅಂಟು ಕಂದಿ, ಕಾಗದದೊಳಕ್ಕೆ ಇಳಿದು, ಆ ಸಾಲಿನ ಅಕ್ಷರವನ್ನೇ ನುಂಗುತ್ತದೆ. ಒದ್ದೆಯಾದ ಕಟ್ಟು ಸಿಕ್ಕರೆ ಬಿಸಿಲಿಗೆ ಹಾಕದೆ ನೆರಳಲ್ಲಿ, ಫ್ಯಾನಿನ ಗಾಳಿಯಲ್ಲಿ ಒಣಗಿಸಿ. ಕಟ್ಟು ಹಾಕಿದ ಸಂಪುಟವನ್ನು ಸ್ಕ್ಯಾನರಿನ ಗಾಜಿಗೆ ಒತ್ತಿದರೆ ಬೆನ್ನು ಮುರಿಯುತ್ತದೆ. ಎರಡು ಕಡೆ ದಿಂಬು ಕೊಟ್ಟು ಅರ್ಧ ತೆರೆದಿಟ್ಟು, ಮೇಲಿನಿಂದ ನೇರವಾಗಿ ಮೊಬೈಲಿನಲ್ಲಿ ಫೋಟೊ ತೆಗೆಯಿರಿ. ದೀಪ ಎರಡು ಬದಿಯಿಂದ ಓರೆಯಾಗಿ ಬೀಳಲಿ, ಫ್ಲಾಶ್ ಬೇಡ. ಪುಟ ಪೂರ್ತಿ ಒಂದು ಚಿತ್ರ, ಮೇಲರ್ಧ ಒಂದು, ಕೆಳಗರ್ಧ ಒಂದು, ಹೀಗೆ ಪುಟಕ್ಕೆ ಮೂರು. ಫೈಲಿಗೆ ಆಯಾ ದಿನವೇ ಹೆಸರಿಡಿ: ವರ್ಷ, ತಿಂಗಳು, ದಿನಾಂಕ, ಪುಟ. ‘ನಾಳೆ ಇಟ್ಟರಾಯಿತು’ ಎಂದು ಬಿಟ್ಟ ಎರಡು ಸಾವಿರ ಚಿತ್ರಗಳಿಗೆ ಆಮೇಲೆ ಯಾರೂ ಹೆಸರಿಡುವುದಿಲ್ಲ.

ಮೊಳೆ ಜೋಡಿಸಿ ಅಚ್ಚುಹಾಕಿದ ಪತ್ರಿಕೆಗಳನ್ನು ಕಂಪ್ಯೂಟರಿಗೆ ಓದಿಸಿ ಹುಡುಕಬಹುದು ಎಂಬ ಆಸೆ ಸಹಜ. ಸವೆದ ಮೊಳೆಯಲ್ಲಿ ಒತ್ತಕ್ಷರ ಅರ್ಧ ಮಾತ್ರ ಮೂಡಿರುತ್ತದೆ, ‘ಪ’ ‘ಷ’ ಆಗಿರುತ್ತದೆ. ಹುಡುಕಿದ ಹೆಸರು ಸಿಗಲಿಲ್ಲವೆಂದರೆ ಪತ್ರಿಕೆಯಲ್ಲಿ ಇಲ್ಲ ಎಂದಲ್ಲ. ಕಣ್ಣಿನಿಂದಲೇ ಓದಬೇಕು. ಡಿಟಿಪಿ ಕಾಲದ ಪೇಜ್‌ಮೇಕರ್ ಫೈಲುಗಳಿಗೆ ಬೇರೆ ಕಾಟ. ಶ್ರೀಲಿಪಿ, ನುಡಿ, ಬರಹದ ಹಳೆಯ ಫಾಂಟುಗಳು ಯುನಿಕೋಡ್ ಅಲ್ಲ, ತೆರೆದರೆ ಅರ್ಥವಿಲ್ಲದ ಗೀಟುಗಳು ಕಾಣುತ್ತವೆ. ಪರಿವರ್ತಕದಲ್ಲಿ ಹಾಕಿದ ಮೇಲೆ ಅರ್ಕಾವತ್ತು ಇರುವ ಪದಗಳನ್ನು ಒಂದೊಂದಾಗಿ ಪರೀಕ್ಷಿಸಿ. ಹಳೆಯ ಫಾಂಟಿನಲ್ಲಿ ಅರ್ಕಾವತ್ತು ಅಕ್ಷರದ ನಂತರ ಕೂರುತ್ತದೆ, ಯುನಿಕೋಡಿನಲ್ಲಿ ‘ರ್’ ಮೊದಲು ಬರಬೇಕು. ಅದು ಜಾಗ ತಪ್ಪಿದರೆ ಕಾರ್ಯಕರ್ತರೆಲ್ಲ ವಿರೂಪವಾಗಿ ನಿಲ್ಲುತ್ತಾರೆ.

ಕಾಗದದ ಬಿಲ್ಲು ಹೇಳುವ ಪ್ರಸಾರ

‘ನಮ್ಮದು ಐದು ಸಾವಿರ ಪ್ರತಿ’ ಎಂಬ ಮಾತು ಎಲ್ಲರ ಮನೆಯಲ್ಲೂ ಇದೆ. ಪರೀಕ್ಷಿಸಲು ನ್ಯೂಸ್‌ಪ್ರಿಂಟಿನ ಬಿಲ್ಲು ಸಾಕು. ನಾಲ್ಕು ಪುಟದ ದಿನಪತ್ರಿಕೆಗೆ, ಒಮ್ಮೆ ಮಡಚುವ ಅಳತೆಯ ಹಾಳೆಯಾದರೆ, ಪ್ರತಿಗೆ ಒಂದು ಹಾಳೆ. ರೀಮಿಗೆ 500 ಹಾಳೆ. ಸಾವಿರ ಪ್ರತಿಗೆ ದಿನಕ್ಕೆ ಎರಡು ರೀಮು, ತಿಂಗಳಿಗೆ 26 ಸಂಚಿಕೆ ಎಂದರೆ 52 ರೀಮು, ಹಾಳಾಗುವುದಕ್ಕೆ ಎರಡು ಮೂರು ರೀಮು ಹೆಚ್ಚು. ಬಿಲ್ಲಿನಲ್ಲಿ ತಿಂಗಳಿಗೆ 20 ರೀಮು ಮಾತ್ರ ಇದ್ದರೆ? 10,000 ಹಾಳೆಯನ್ನು 26ರಿಂದ ಭಾಗಿಸಿ: ದಿನಕ್ಕೆ ಹೆಚ್ಚೆಂದರೆ 384 ಪ್ರತಿ. ಇಲ್ಲಿ ಆಗುವ ತಪ್ಪು ಒಂದೇ, ಹಾಳೆಯ ಅಳತೆ ನೋಡದಿರುವುದು. ಬಿಲ್ಲಿನಲ್ಲಿ ‘ಡಬಲ್’ ಎಂದಿದ್ದು ಹಾಳೆಯನ್ನು ಎರಡು ಮಾಡಿ ಅಚ್ಚುಹಾಕಿದ್ದರೆ ಅಷ್ಟೇ ರೀಮಿಗೆ ಪ್ರತಿ ಇಮ್ಮಡಿ. ಜಾಬ್ ವರ್ಕಿಗೆ, ಅಂದರೆ ಲಗ್ನಪತ್ರಿಕೆ, ರಸೀದಿ ಪುಸ್ತಕಕ್ಕೆ ತಂದ ಕಾಗದ ಬೇರೆ ಜಾತಿಯದು, ಅದನ್ನು ಇದಕ್ಕೆ ಕೂಡಿಸಬೇಡಿ.

ಪ್ರಸಾರ ಕಡಿಮೆ ಎಂದು ಕಂಡಾಗ ಮನುಷ್ಯನನ್ನು ಕಡಿಮೆ ಮಾಡಬೇಡಿ. ಕಚೇರಿ, ವಕೀಲರು, ಸೊಸೈಟಿ, ಹೋಟೆಲು, ಕ್ಷೌರದಂಗಡಿಗೆ ಹೋಗುವ 384 ಪ್ರತಿ ಒಂದು ತಾಲ್ಲೂಕನ್ನು ಅಲುಗಿಸಬಲ್ಲದು. ಒಂದೊಂದು ಪ್ರತಿಯನ್ನು ಇಪ್ಪತ್ತು ಜನ ಓದುತ್ತಿದ್ದ ಕಾಲ ಅದು. ಬೇರೆ ಮಾತೆಂದರೆ ‘ಫೈಲ್ ಕಾಪಿ’: ಇಲಾಖೆಗೆ ತೋರಿಸಲಷ್ಟೇ ಐವತ್ತು ಅರವತ್ತು ಪ್ರತಿ ಅಚ್ಚುಹಾಕಿ ಜಾಹೀರಾತಿನ ಬಿಲ್ಲು ಪಡೆಯುವುದು. ಹಾಗಿತ್ತೋ ಇಲ್ಲವೋ ಎಂಬುದನ್ನು ಏಜೆಂಟರ ಖಾತೆ, ಅಂಚೆಯ ರಸೀದಿ, ಬಸ್ಸಿನ ಮೇಲೆ ಬಂಡಲ್ ಹಾಕಿದ ಕೂಲಿಯ ಲೆಕ್ಕ ಹೇಳುತ್ತವೆ.

ಎರಡು ಅಂಕಣದ ದಿನಚರಿ

ಈಗ ಮುಖ್ಯ ಕೆಲಸ. ಉದ್ದನೆಯ ಲೆಡ್ಜರ್ ಪುಸ್ತಕ ಒಂದು ತೆಗೆದುಕೊಳ್ಳಿ. ಎಡಗಡೆ ಪತ್ರಿಕೆ ಬರೆದದ್ದು, ಬಲಗಡೆ ಸಭೆಯಲ್ಲಿ ನಡೆದದ್ದು, ದಿನಾಂಕದ ಸಾಲಿಗೆ ಸಾಲು.

ಬಲಗಡೆಗೆ ಬೇಕಾದ್ದು ಪುರಸಭೆ ಅಥವಾ ನಗರಸಭೆಯ ಸಾಮಾನ್ಯ ಸಭೆಯ ನಡವಳಿ ಪುಸ್ತಕ. ಅದರಲ್ಲಿ ಹಾಜರಾತಿ, ವಿಷಯ, ಠರಾವು, ಕೆಲವೊಮ್ಮೆ ಯಾರು ಸೂಚಿಸಿದರು, ಯಾರು ಅನುಮೋದಿಸಿದರು, ಯಾರು ವಿರೋಧಿಸಿದರು ಎಂಬುದೂ ಇರುತ್ತದೆ. ಸುಮ್ಮನೆ ಕೇಳಿದರೆ ಸಿಗದಿದ್ದರೆ ಮಾಹಿತಿ ಹಕ್ಕಿನ ಅರ್ಜಿ ಹಾಕಿ. ಕರ್ನಾಟಕದ ನಿಯಮದಂತೆ ಅರ್ಜಿ ಒಂದೇ ವಿಷಯಕ್ಕೆ ಸಂಬಂಧಿಸಿರಬೇಕು, 150 ಪದ ಮೀರಬಾರದು, ಶುಲ್ಕ 10 ರೂಪಾಯಿ, ಉತ್ತರಕ್ಕೆ 30 ದಿನ. ಹೆಚ್ಚಿನ ಅರ್ಜಿಗಳು ಬೀಳುವುದು ಇಲ್ಲೇ: ‘ಅಧ್ಯಕ್ಷರ ಅವಧಿಯ ಎಲ್ಲ ಮಾಹಿತಿ ಕೊಡಿ’ ಎಂದು ಬರೆಯುತ್ತಾರೆ, ವಿಷಯ ಸ್ಪಷ್ಟವಿಲ್ಲ ಎಂದು ವಾಪಸು ಬರುತ್ತದೆ. ‘ಏಪ್ರಿಲ್ 1984ರಿಂದ ಮಾರ್ಚ್ 1985ರವರೆಗಿನ ಸಾಮಾನ್ಯ ಸಭೆಗಳ ನಡವಳಿ ಪುಸ್ತಕವನ್ನು ಪರಿಶೀಲಿಸಲು ಅವಕಾಶ ಕೊಡಿ’ ಎಂದು ಬರೆಯಿರಿ. ನಕಲು ಕೇಳುವುದಕ್ಕಿಂತ ಪರಿಶೀಲನೆ ಕೇಳುವುದು ಲೇಸು. ಪುಸ್ತಕ ಕೈಗೆ ಬಂದಾಗ ನೀವು ಕೇಳದಿದ್ದ ಪುಟಗಳೂ ಕಣ್ಣಿಗೆ ಬೀಳುತ್ತವೆ, ಬೇಕಾದವನ್ನು ಮಾತ್ರ ನಕಲು ತೆಗೆಸಬಹುದು. ಒಂದೊಂದು ವರ್ಷಕ್ಕೆ ಒಂದೊಂದು ಅರ್ಜಿ.

ಎಡಗಡೆ ತುಂಬುವಾಗ ಊರಿನ ಮೂರು ವಿಷಯ ಮಾತ್ರ ಆರಿಸಿಕೊಳ್ಳಿ, ಹತ್ತು ಬೇಡ. ನೀರು ಒಂದಿರಲಿ, ಯಾಕೆಂದರೆ ಈ ಮೂರು ಜಿಲ್ಲೆಗಳಲ್ಲಿ ನೀರನ್ನು ಬಿಟ್ಟ ರಾಜಕೀಯ ಇಲ್ಲ. ತುಮಕೂರು ಕಡೆ ಹೇಮಾವತಿ ನಾಲೆ, ಕೋಲಾರ ಚಿಕ್ಕಬಳ್ಳಾಪುರ ಕಡೆ ಕೆರೆ, ಕೊಳವೆಬಾವಿ, ಶಾಶ್ವತ ನೀರಾವರಿಯ ಬೇಡಿಕೆ. ಇನ್ನೊಂದು ನಿವೇಶನ ಹಂಚಿಕೆ. ಮೂರನೆಯದು ಊರಿಗೆ ತಕ್ಕಂತೆ: ಶಿಡ್ಲಘಟ್ಟದಲ್ಲಿ ರೇಷ್ಮೆಗೂಡಿನ ಮಾರುಕಟ್ಟೆ, ತಿಪಟೂರಿನಲ್ಲಿ ಕೊಬ್ಬರಿ ಬೆಲೆ, ಕೆಜಿಎಫ್‌ನಲ್ಲಿ 2001ರ ಫೆಬ್ರವರಿಯಲ್ಲಿ ಮುಚ್ಚಿದ ಗಣಿ.

ಹೀಗೊಂದು ಸಾಲು ಇಟ್ಟುಕೊಳ್ಳಿ. ಎಡಗಡೆ, ಮೇ ತಿಂಗಳಲ್ಲಿ ಮುಖಪುಟದಲ್ಲಿ ನಾಲ್ಕು ಕಾಲಂ: ‘ನಲ್ಲಿಯಲ್ಲಿ ಗಾಳಿ, ಟ್ಯಾಂಕರಿನಲ್ಲಿ ದುಡ್ಡು’. ಮುಂದಿನ ಮೇ, ಪತ್ರಿಕೆಯ ಯಜಮಾನರು ಈಗ ಅಧ್ಯಕ್ಷರು. ಬಲಗಡೆ, ಟ್ಯಾಂಕರ್ ಬಾಡಿಗೆಯ ಠರಾವು, ಮೊತ್ತ ಹಿಂದಿನದಕ್ಕಿಂತ ಹೆಚ್ಚು. ಎಡಗಡೆ ಏನೂ ಇಲ್ಲ, ಪುಟ ಎರಡರಲ್ಲಿ ದೇವಸ್ಥಾನದ ಜೀರ್ಣೋದ್ಧಾರ. ಆ ಖಾಲಿ ಜಾಗವನ್ನು ಹಾಗೇ ಬಿಡಿ, ‘ಇಲ್ಲ’ ಎಂದು ಬರೆದು ದಿನಾಂಕ ಹಾಕಿ. ಇಂಥ ‘ಇಲ್ಲ’ಗಳು ಒಂದು ಪುಟಕ್ಕೆ ನಾಲ್ಕೈದು ಬಿದ್ದರೆ ಅಧ್ಯಾಯ ತಾನೇ ಹುಟ್ಟುತ್ತದೆ. ಅದೇ ಪತ್ರಿಕೆ ತನ್ನ ಯಜಮಾನರ ವಿರುದ್ಧವೇ ಓದುಗರ ಪತ್ರ ಅಚ್ಚುಹಾಕಿದ್ದೂ ಸಿಗಬಹುದು. ಆಗ ಅದನ್ನು ದಪ್ಪ ಅಕ್ಷರದಲ್ಲಿ ಬರೆದುಕೊಳ್ಳಿ. ಅಂಥ ಧೈರ್ಯ ಅಪರೂಪ, ಅದನ್ನು ಗುರುತಿಸದಿದ್ದರೆ ಅನ್ಯಾಯ.

ಮೌನವನ್ನು ಎಣಿಸುವ ಮೊದಲು ಒಂದು ಎಚ್ಚರ. ಆ ವಾರದ ಸಂಚಿಕೆಯೇ ಕಟ್ಟಿನಲ್ಲಿ ಇಲ್ಲದಿರಬಹುದು, ಇಲಿ ತಿಂದಿರಬಹುದು. ಸಂಚಿಕೆ ಸಂಖ್ಯೆ ನೋಡದೆ ‘ಬರೆಯಲಿಲ್ಲ’ ಎನ್ನಬೇಡಿ. ತುರ್ತು ಪರಿಸ್ಥಿತಿಯ ಕಾಲಕ್ಕೂ, ಅಂದರೆ 1975ರ ಜೂನ್ 25ರಿಂದ 1977ರ ಮಾರ್ಚ್ 21ರವರೆಗೆ, ಇದೇ ಎಚ್ಚರ ಇರಲಿ. ಪುಟದಲ್ಲಿ ಖಾಲಿ ಚೌಕ ಕಂಡ ಕೂಡಲೇ ಸೆನ್ಸಾರ್ ವಿರುದ್ಧದ ಪ್ರತಿಭಟನೆ ಎಂದು ಬರೆಯುವವರಿದ್ದಾರೆ. ಬೆಂಗಳೂರಿನಿಂದ ಬ್ಲಾಕು, ಅಂದರೆ ಫೋಟೊ ಮುದ್ರಿಸುವ ಲೋಹದ ಪಡಿಯಚ್ಚು, ಸಮಯಕ್ಕೆ ಬಾರದೆ ಫೋಟೊ ಜಾಗ ಖಾಲಿ ಹೋಗುವುದು ಮೊಳೆಯ ಕಾಲದಲ್ಲಿ ಮಾಮೂಲು. ಹಿಂದಿನ ಮುಂದಿನ ಎರಡೆರಡು ಸಂಚಿಕೆ ನೋಡಿ, ಸಂಪಾದಕೀಯದ ಜಾಗವೇ ಖಾಲಿ ಇದೆಯೇ ನೋಡಿ, ಆಮೇಲೆ ಬರೆಯಿರಿ.

ಜಿಲ್ಲೆಯ ದೊಡ್ಡ ಗಾಯಗಳ ದಿನ ಪತ್ರಿಕೆ ಏನು ಮಾಡಿತು ಎಂಬುದು ಬೇರೆಯೇ ಪರೀಕ್ಷೆ. ಚಿಂತಾಮಣಿ ತಾಲ್ಲೂಕಿನ ಕಂಬಾಲಪಲ್ಲಿಯಲ್ಲಿ 2000ದ ಮಾರ್ಚ್ 11ರಂದು ಏಳು ಜನ ದಲಿತರನ್ನು ಸುಟ್ಟು ಕೊಂದರು. ಆ ಕಾಲದಲ್ಲಿ ಈ ಭಾಗದಲ್ಲಿ ನಡೆಯುತ್ತಿದ್ದ ಪತ್ರಿಕೆಯಾದರೆ ಆ ವಾರದ, ಮತ್ತು ಮುಂದೆ ಪ್ರಕರಣ ನ್ಯಾಯಾಲಯದಲ್ಲಿದ್ದ ವರ್ಷಗಳ ಸಂಚಿಕೆ ತೆಗೆಯಿರಿ. ಸತ್ತವರ ಹೆಸರು ಬರೆದರೇ, ಯಾವ ಪುಟದಲ್ಲಿ, ಎಷ್ಟು ದಿನ? ಹಳೆಯ ತಲೆಮಾರಿನವರಾದರೆ 1938ರ ಏಪ್ರಿಲ್ 25ರ ವಿದುರಾಶ್ವತ್ಥದ ಗೋಲಿಬಾರು. ‘ಸ್ವಾತಂತ್ರ್ಯ ಹೋರಾಟಗಾರರು’ ಎಂಬ ಬಿರುದನ್ನು ಆ ತಿಂಗಳ ಕಾಗದದ ಎದುರು ಇಟ್ಟು ನೋಡಬೇಕು.

ಜಾಹೀರಾತನ್ನು ಅಳೆಯುವುದು

ಸ್ಕೇಲು ಬೇಕು. ಎಂಟು ಕಾಲಮ್ಮಿನ, 50 ಸೆಂಟಿಮೀಟರ್ ಎತ್ತರದ ಪುಟವೆಂದರೆ 400 ಕಾಲಂ ಸೆಂಟಿಮೀಟರ್, ನಾಲ್ಕು ಪುಟಕ್ಕೆ 1,600. ಅದರಲ್ಲಿ ಟೆಂಡರ್, ಹರಾಜು, ಪುರಸಭೆ ಪ್ರಕಟಣೆ, ಕೋರ್ಟ್ ನೋಟಿಸು ಎಷ್ಟು, ಅಂಗಡಿ ಜಾಹೀರಾತು ಎಷ್ಟು ಎಂದು ಬೇರೆ ಬೇರೆ ಕೂಡಿಸಿ. ಒಟ್ಟು 420 ಬಂದರೆ ನೂರಕ್ಕೆ 26 ಚಿಲ್ಲರೆ. ಅಧಿಕಾರಕ್ಕೆ ಬರುವ ಹಿಂದಿನ ಎರಡು ವರ್ಷ, ಅಧಿಕಾರದ ವರ್ಷಗಳು, ಇಳಿದ ಮೇಲಿನ ಎರಡು ವರ್ಷ, ಇಷ್ಟಕ್ಕೆ ಮಾಡಿದರೆ ಸಾಕು. ವರ್ಷಕ್ಕೆ ನಾಲ್ಕು ಸಂಚಿಕೆ ತೆಗೆಯಿರಿ: ಫೆಬ್ರವರಿ, ಜೂನ್, ಜುಲೈ, ಡಿಸೆಂಬರಿನ ಎರಡನೇ ವಾರದ್ದು. ಮಾರ್ಚ್ ಬೇಡ, ವರ್ಷಾಂತ್ಯದ ಟೆಂಡರುಗಳಿಂದ ಪುಟ ಉಬ್ಬಿರುತ್ತದೆ. ಯುಗಾದಿ, ದೀಪಾವಳಿ, ರಾಜ್ಯೋತ್ಸವದ ವಿಶೇಷ ಸಂಚಿಕೆಯನ್ನು ಈ ಲೆಕ್ಕಕ್ಕೆ ಸೇರಿಸಲೇಬೇಡಿ, ಅದರ ಶುಭಾಶಯ ಜಾಹೀರಾತುಗಳನ್ನು ಬೇರೆ ಪಟ್ಟಿ ಮಾಡಿ. ಯಾವ ಗುತ್ತಿಗೆದಾರರು ಯಾವ ವರ್ಷ ಅರ್ಧ ಪುಟ ಶುಭಾಶಯ ಕೋರಿದರು ಎಂಬ ಪಟ್ಟಿಯನ್ನು ನಡವಳಿ ಪುಸ್ತಕದ ಕಾಮಗಾರಿ ಠರಾವುಗಳ ಪಕ್ಕ ಇಟ್ಟಾಗ ಪಟ್ಟಿಯೇ ಮಾತಾಡುತ್ತದೆ. ಹೊಂದಿಕೆಯಾದದ್ದನ್ನಷ್ಟೇ ಬರೆಯಿರಿ, ಲಂಚ ಎಂಬ ಪದ ದಾಖಲೆಯಲ್ಲಿ ಇಲ್ಲದಿದ್ದರೆ ನಿಮ್ಮ ಬರಹದಲ್ಲೂ ಬೇಡ.

ಚುನಾವಣೆಯ ದಾಖಲೆ

ವಿಧಾನಸಭೆಗೆ ನಿಂತವರಾದರೆ ಚುನಾವಣಾ ಆಯೋಗದ ಅಂಕಿಅಂಶ ವರದಿಗಳಲ್ಲಿ ಮೊದಲ ಸಾರ್ವತ್ರಿಕ ಚುನಾವಣೆಯಿಂದ ಅಭ್ಯರ್ಥಿ, ಪಕ್ಷ, ಮತ ಎಲ್ಲ ಇದೆ. ಅಲ್ಲಿ ಹೆಸರು ಇಂಗ್ಲಿಷಿನಲ್ಲಿ ಇನಿಷಿಯಲ್ ಸಮೇತ ಇರುವುದರಿಂದ ಒಂದೇ ಹೆಸರಿನ ಇಬ್ಬರು ಬೆರೆತುಹೋಗುವುದುಂಟು, ತಂದೆಯ ಹೆಸರು ಅಥವಾ ಊರಿನಿಂದ ಖಚಿತಪಡಿಸಿಕೊಳ್ಳಿ. ಬೆಳ್ಳಾವಿ, ಹುಲಿಯೂರುದುರ್ಗ, ಕಳ್ಳಂಬೆಳ್ಳ, ವೇಮಗಲ್, ಬೇತಮಂಗಲ ಕ್ಷೇತ್ರಗಳನ್ನು ಈಗಿನ ಪಟ್ಟಿಯಲ್ಲಿ ಹುಡುಕಬೇಡಿ, 2008ರ ಪುನರ್ವಿಂಗಡಣೆಯಲ್ಲಿ ಹೋದವು. ಆಸ್ತಿ, ಸಾಲ, ಮೊಕದ್ದಮೆಯ ಪ್ರಮಾಣಪತ್ರ 2004ರ ಚುನಾವಣೆಯಿಂದ ಸಿಗುತ್ತದೆ. ಅದರಲ್ಲಿ ವೃತ್ತಿಯ ಕಾಲಮ್ಮಿನಲ್ಲಿ ‘ಪತ್ರಕರ್ತ’ ಎಂದಿದೆಯೋ ‘ವ್ಯವಸಾಯ’ ಎಂದಿದೆಯೋ, ಪ್ರೆಸ್ಸಿನ ಯಂತ್ರ ಯಾರ ಹೆಸರಲ್ಲಿ ಇದೆ, ನೋಡಿ ಫಾರಂ ನಾಲ್ಕಿಗೆ ತಾಳೆ ಹಾಕಿ.

ಸ್ಥಳೀಯ ಸಂಸ್ಥೆಗಳ ಹೆಸರಿನಲ್ಲಿ ಆಗುವಷ್ಟು ತಪ್ಪು ಇನ್ನೆಲ್ಲೂ ಆಗುವುದಿಲ್ಲ. 1987ರಲ್ಲಿ ಗೆದ್ದವರು ಜಿಲ್ಲಾ ಪರಿಷತ್ ಅಥವಾ ಮಂಡಲ ಪಂಚಾಯಿತಿ ಸದಸ್ಯರು. ಜಿಲ್ಲಾ ಪಂಚಾಯಿತಿ, ತಾಲ್ಲೂಕು ಪಂಚಾಯಿತಿ ಬಂದದ್ದು 1993ರ ಕಾಯ್ದೆಯಿಂದ. ಅರವತ್ತು ಎಪ್ಪತ್ತರ ದಶಕದವರು ಕೂತದ್ದು ತಾಲ್ಲೂಕು ಅಭಿವೃದ್ಧಿ ಮಂಡಳಿಯಲ್ಲಿ. ಜನ ‘ಟಿಡಿಬಿ’ ಅನ್ನುತ್ತಿದ್ದರು. ಪಕ್ಷಕ್ಕೂ ಹೀಗೇ: ಜನತಾ ಪಕ್ಷ, ಜನತಾದಳ, ಜಾತ್ಯತೀತ ಜನತಾದಳ ಮೂರೂ ಒಂದೇ ಎಂದು ಬರೆಯಬೇಡಿ. ಶಾಸಕರಾಗಿದ್ದವರ ಮಾತುಗಳಿಗೆ ವಿಧಾನ ಮಂಡಲದ ಗ್ರಂಥಾಲಯದಲ್ಲಿ ನಡವಳಿ ಸಂಪುಟಗಳಿವೆ. ಭಾಷಣಕ್ಕಿಂತ, ಸದನದಲ್ಲಿ ಸಚಿವರು ಬಾಯಿಮಾತಿನಲ್ಲಿ ಉತ್ತರಿಸಬೇಕಾದ ಚುಕ್ಕೆ ಗುರುತಿನ ಪ್ರಶ್ನೆಗಳನ್ನು ಓದಿ, ಅವರ ನಿಜವಾದ ಕಾಳಜಿ ಅಲ್ಲಿರುತ್ತದೆ.

ಜನರನ್ನು ಕೇಳುವಾಗ

ಕಂಪೋಸಿಟರುಗಳಿಂದ ಶುರುಮಾಡಿ, ಬದುಕಿರುವವರು ಕಡಿಮೆ. ಯಜಮಾನರ ಕೈಬರಹ, ಸಿಟ್ಟು, ಕೊನೆಯ ಗಳಿಗೆಯಲ್ಲಿ ಯಾವ ಸುದ್ದಿ ತೆಗೆಸಿದರು ಎಂಬುದೆಲ್ಲ ಗೊತ್ತಿದ್ದವರು ಅವರೇ. ‘ಅವರು ಹೇಗಿದ್ದರು?’ ಎಂದು ಕೇಳಿದರೆ ‘ದೇವರಂಥವರು’ ಎಂದು ಹೇಳಿ ಸುಮ್ಮನಾಗುತ್ತಾರೆ. ಕೈಕೆಲಸದಿಂದ ಕೇಳಿ: ‘ತಾತ, ದಿನಕ್ಕೆ ಎಷ್ಟು ಗ್ಯಾಲಿ ಜೋಡಿಸ್ತಿದ್ರಿ? ಪ್ರೂಫು ಯಾರು ನೋಡ್ತಿದ್ರು? ಪೇಜು ಕಟ್ಟಿದ ಮೇಲೆ ಮ್ಯಾಟರ್ ಬಿಚ್ಚಿಸಿದ್ದುಂಟಾ?’ ಗ್ಯಾಲಿ ಎಂದರೆ ಜೋಡಿಸಿದ ಮೊಳೆ ಇಡುವ ತಟ್ಟೆ, ಮ್ಯಾಟರ್ ಎಂದರೆ ಜೋಡಿಸಿಟ್ಟ ಮೊಳೆ. ಮೂರನೆಯ ಪ್ರಶ್ನೆಗೆ ಬಂದಾಗ ಸ್ವಲ್ಪ ಹೊತ್ತು ಸುಮ್ಮನಿರಿ. ಚೇಸಿಗೆ, ಅಂದರೆ ಕಬ್ಬಿಣದ ಚೌಕಟ್ಟಿಗೆ, ಬಿಗಿದ ಪುಟವನ್ನು ಬಿಚ್ಚುವುದು ಗಂಟೆಗಟ್ಟಲೆಯ ಕೆಲಸ, ಯಾಕೆ ಬಿಚ್ಚಬೇಕಾಯಿತು ಎಂಬುದು ಕೈಗೆ ನೆನಪಿರುತ್ತದೆ. ಶನಿವಾರದ ಬಟವಾಡೆ ತಪ್ಪದೆ ಆಗುತ್ತಿತ್ತೇ ಎಂದೂ ಕೇಳಿ. ಬಡವರ ಪರ ಬರೆದವರು ತಮ್ಮ ಪ್ರೆಸ್ಸಿನವರಿಗೆ ಏನು ಕೊಟ್ಟರು ಎಂಬುದು ಪುಸ್ತಕಕ್ಕೆ ಬೇಕು.

ಪಾವಗಡ, ಬಾಗೇಪಲ್ಲಿ, ಗುಡಿಬಂಡೆ, ಶ್ರೀನಿವಾಸಪುರ, ಮುಳಬಾಗಿಲಿನ ಕಡೆ ಎಷ್ಟೋ ಜನರ ಮನೆಮಾತು ತೆಲುಗು. ಅವರನ್ನು ಕನ್ನಡದಲ್ಲೇ ಹೇಳಿ ಎಂದು ಒತ್ತಾಯಿಸಬೇಡಿ. ತೆಲುಗಿನಲ್ಲೇ ರೆಕಾರ್ಡ್ ಮಾಡಿ, ತೆಲುಗಿನಲ್ಲೇ ಬರೆದುಕೊಂಡು, ಆಮೇಲೆ ಕನ್ನಡಕ್ಕೆ ತನ್ನಿ. ಇಸವಿ ಯಾರಿಗೂ ನೆನಪಿರುವುದಿಲ್ಲ. ‘ಗೋಕಾಕ್ ಚಳವಳಿಗೆ ಮುಂಚೆಯೋ ಆಮೇಲೋ’, ‘ದೊಡ್ಡ ಮಗಳ ಮದುವೆ ಆಗಿತ್ತಾ’ ಎಂದು ಕೇಳಿ ಹತ್ತಿರಕ್ಕೆ ಬನ್ನಿ. ಎದುರಾಳಿ ಪತ್ರಿಕೆಯವರನ್ನು, ಸೋಲಿಸಿದವರನ್ನು, ಸೋತವರನ್ನು ಬಿಡದೆ ನೋಡಿ. ಒಬ್ಬರೇ ಹೇಳಿದ ಸಂಗತಿಗೆ ಲೆಡ್ಜರಿನಲ್ಲಿ ಪೆನ್ಸಿಲ್, ಇಬ್ಬರು ಹೇಳಿದ್ದಕ್ಕೆ ಅಥವಾ ಕಾಗದ ಸಿಕ್ಕಿದ್ದಕ್ಕೆ ಇಂಕು.

ಮನೆಯವರು, ಕಾನೂನು, ಕೊನೆಯ ಕಟ್ಟು

ಸತ್ತವರ ಬಗ್ಗೆ ಏನು ಬೇಕಾದರೂ ಬರೆಯಬಹುದು ಎಂಬುದು ತಪ್ಪು ತಿಳಿವಳಿಕೆ. ಮನೆಯವರ ಮನಸ್ಸಿಗೆ ನೋವಾಗಲೆಂಬ ಉದ್ದೇಶದಿಂದ ಸತ್ತವರ ಮೇಲೆ ಆರೋಪ ಹೊರಿಸುವುದೂ ಮಾನಹಾನಿಯೇ ಎಂದು ಹಳೆಯ ದಂಡ ಸಂಹಿತೆಯ 499ನೇ ಕಲಮು ಹೇಳುತ್ತಿತ್ತು, ಈಗಿನ ನ್ಯಾಯ ಸಂಹಿತೆಯ 356 ಕೂಡ ಹೇಳುತ್ತದೆ. ದಾಖಲೆಯಿಂದ ಹೇಳಿದ್ದಕ್ಕೆ ಪುಟ, ದಿನಾಂಕ ಕೊಡಿ. ಅವರ ಮೇಲೇ ನಡೆದ ಮಾನಹಾನಿ ಮೊಕದ್ದಮೆಗಳಿದ್ದರೆ ತಾಲ್ಲೂಕು ನ್ಯಾಯಾಲಯದಿಂದ ತೀರ್ಪಿನ ದೃಢೀಕೃತ ನಕಲು ಪಡೆಯಿರಿ. ಕೇಸು ಹಾಕಿದ್ದನ್ನು ಬರೆದು ಖುಲಾಸೆಯಾದದ್ದನ್ನು ಬಿಡುವುದು ಈ ಬಗೆಯ ಪುಸ್ತಕಗಳಲ್ಲಿ ಮೇಲಿಂದ ಮೇಲೆ ಆಗುವ ಅನ್ಯಾಯ.

ಮನೆಯವರಿಗೆ ಕರಡನ್ನು ಓದಲು ಕೊಡಿ, ಯಾಕೆ ಕೊಡುತ್ತಿದ್ದೀರಿ ಎಂದು ಮೊದಲೇ ಹೇಳಿ: ಹೆಸರು, ಸಂಬಂಧ, ದಿನಾಂಕ ತಿದ್ದುವುದಕ್ಕೆ. ತೀರ್ಮಾನ ತಿದ್ದುವುದಕ್ಕೆ ಅಲ್ಲ. ಹದಿನೈದು ದಿನ ಕೊಡಿ, ತಿದ್ದುಪಡಿ ಬರಹದಲ್ಲಿ ತೆಗೆದುಕೊಳ್ಳಿ. ಫೋಟೊಗಳನ್ನು ಒಯ್ಯುವಾಗ ಎಷ್ಟು, ಯಾವುವು ಎಂದು ಚೀಟಿ ಬರೆದು ಸಹಿ ಹಾಕಿ ಕೊಟ್ಟು, ವಾಪಸು ಕೊಟ್ಟಾಗ ಅದೇ ಚೀಟಿಯ ಮೇಲೆ ಅವರ ಸಹಿ ಪಡೆಯಿರಿ.

ಕೆಲಸ ಮುಗಿದಾಗ ನಿಮ್ಮ ಬಳಿ ಪುಸ್ತಕಕ್ಕಿಂತ ದೊಡ್ಡದಾದ ಸಾಮಗ್ರಿ ಇರುತ್ತದೆ. ಚಿತ್ರಗಳನ್ನು ಎರಡು ಹಾರ್ಡ್ ಡಿಸ್ಕಿಗೆ ಹಾಕಿ, ಒಂದು ಮನೆಯವರಿಗೆ, ಒಂದು ಜಿಲ್ಲಾ ಕೇಂದ್ರ ಗ್ರಂಥಾಲಯಕ್ಕೆ ಪತ್ರ ಸಮೇತ ಕೊಟ್ಟು ಸ್ವೀಕೃತಿ ಪಡೆಯಿರಿ. ಮೂಲ ಸಂಚಿಕೆಗಳನ್ನು ಹಗ್ಗದಿಂದ ಬಿಗಿಯಬೇಡಿ, ಅಂಚು ಕತ್ತರಿಸುತ್ತದೆ. ಅಗಲವಾದ ಬಟ್ಟೆಯ ಪಟ್ಟಿಯಿಂದ ವರ್ಷಕ್ಕೊಂದು ಕಟ್ಟು ಕಟ್ಟಿ, ನೆಲದಿಂದ ಒಂದು ಅಡಿ ಎತ್ತರದ ಕಬ್ಬಿಣದ ಬೀರುವಿನಲ್ಲಿ ಮಲಗಿಸಿ, ಗೋಡೆಗೆ ತಾಗದಂತೆ. ಪ್ರತಿ ಕಟ್ಟಿನ ಮೇಲೆ ಒಂದು ಚೀಟಿ ಇರಲಿ: ಯಾವ ವರ್ಷ, ಎಷ್ಟು ಸಂಚಿಕೆ ಇವೆ, ಯಾವ ಸಂಖ್ಯೆಗಳು ಇಲ್ಲ.